ತ್ರಿಪುರಾಂಬಾ ಅವರ ದನಿ ಎಲ್ಲಿ ಹೋಯಿತು?

ಕಕ್ಕಡದ ಮಳೆ ಹಿಡಿಯಿತೆಂದರೆ ಮಡಿಕೇರಿಯ ಮನೆಗಳಲ್ಲಿ ಬೂಷ್ಟು ಬಾರದ ವಸ್ತುವೇ ಇಲ್ಲ. ಚಪ್ಪಲಿ, ಬೆಲ್ಟು, ಪುಸ್ತಕದ ರಟ್ಟು, ಎಲ್ಲಕ್ಕೂ ಬಂತು. ಮೊನ್ನೆ ಬೀರು ತೆಗೆದರೆ ಅಜ್ಜಿಯ ಮದುವೆ ಫೋಟೊದ ಮೇಲೂ ಬಿಳಿ ಎಳೆ ಹಬ್ಬಿತ್ತು. ಫೋಟೊದಲ್ಲಿ ಬೆಳ್ಳಿಯ ಕಣಗಳನ್ನು ಹಿಡಿದಿಡುವುದು ಜೆಲಟಿನ್ ಎಂಬ ಪ್ರೋಟೀನು. ಬೂಷ್ಟಿಗೆ ಅದೇ ಊಟ. ಮೆತ್ತನೆ ಬ್ರಷ್ಷಿನಿಂದ ಅಜ್ಜಿಯ ಕೆನ್ನೆಯ ಮೇಲಿನದನ್ನು ಕೊಡವುತ್ತಿದ್ದಾಗ ನನಗೆ ತ್ರಿಪುರಾಂಬಾ ನೆನಪಾದರು.

1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡ ‘ಸತಿ ಸುಲೋಚನಾ’ದ ನಾಯಕಿ ಅವರು. ತೆರೆಗೆ ಬಂದ ಮೊದಲ ಕನ್ನಡ ವಾಕ್ಚಿತ್ರ ಅದು. ಇಂದ್ರಜಿತುವಾಗಿದ್ದ ಸುಬ್ಬಯ್ಯ ನಾಯ್ಡು, ರಾವಣನಾಗಿದ್ದ ಆರ್. ನಾಗೇಂದ್ರರಾಯರನ್ನು ಜನ ಇಂದಿಗೂ ನೆನೆಯುತ್ತಾರೆ. ಸುಲೋಚನೆಯಾಗಿದ್ದ ಹೆಣ್ಣುಮಗಳ ಹೆಸರು ಮಾತ್ರ ಕ್ವಿಜ್ ಪ್ರಶ್ನೆಗಳಲ್ಲಷ್ಟೇ ಉಳಿದಿದೆ. ನನಗೆ ಇದು ನಿಜಕ್ಕೂ ನೋವಿನ ಸಂಗತಿ.

ಚಿತ್ರೀಕರಣ ನಡೆದದ್ದು ಕೊಲ್ಹಾಪುರದಲ್ಲಿ. ಹಿನ್ನೆಲೆ ಗಾಯನ ಇನ್ನೂ ಬಂದಿರಲಿಲ್ಲ. ಭಾರತದಲ್ಲಿ ಅದು ಶುರುವಾದದ್ದು 1935ರಲ್ಲಿ, ಕಲ್ಕತ್ತೆಯಲ್ಲಿ. ಆ ಕಾಲದ ನಟಿ ಮಾತು, ಹಾಡು, ಅಭಿನಯ ಮೂರನ್ನೂ ಕ್ಯಾಮೆರಾದ ಮುಂದೆ ಒಂದೇ ಉಸಿರಿನಲ್ಲಿ ನಿಭಾಯಿಸಬೇಕಿತ್ತು. ನಾಟಕದವರಿಗಂತೂ ಕಷ್ಟ ಇನ್ನೊಂದು. ಕೊನೆಯ ಸಾಲಿಗೂ ಕೇಳುವಂತೆ ಕಂಠ ಎತ್ತುವುದು ರಂಗದ ಅಭ್ಯಾಸ. ಮೈಕಿಗೆ ಅಷ್ಟು ಜೋರು ತಡೆಯದು, ದನಿ ಒಡೆಯುತ್ತದೆ.

ಆ ದನಿ ಫಿಲ್ಮಿನ ಮೇಲೆ ಕೂರುತ್ತಿದ್ದ ಬಗೆ ನನಗೆ ಇಂದಿಗೂ ಬೆರಗು. ಮೈಕು ಗಾಳಿಯ ಅಲೆಯನ್ನು ವಿದ್ಯುತ್ತಾಗಿಸುತ್ತದೆ, ಆ ವಿದ್ಯುತ್ತು ಬೆಳಕನ್ನು ಕುಣಿಸುತ್ತದೆ, ಕುಣಿದ ಬೆಳಕು ಚಿತ್ರದ ಪಕ್ಕದ ಸಣ್ಣ ಪಟ್ಟಿಯಲ್ಲಿ ಅಚ್ಚಾಗುತ್ತದೆ. ಟಾಕೀಸಿನಲ್ಲಿ ಇದೇ ಕೆಲಸ ಹಿಂದುಮುಂದಾಗಿ ನಡೆಯುತ್ತದೆ: ಪಟ್ಟಿಯ ಮೂಲಕ ಹಾಯ್ದ ಬೆಳಕು ದ್ಯುತಿಕೋಶಕ್ಕೆ ಬಿದ್ದು ಮತ್ತೆ ವಿದ್ಯುತ್ತಾಗಿ, ಸ್ಪೀಕರಿನಲ್ಲಿ ದನಿಯಾಗುತ್ತದೆ.

ಫಿಲ್ಮು ಸೆಕೆಂಡಿಗೆ 24 ಚೌಕಟ್ಟು ಓಡಬೇಕು, ಅಂದರೆ ಸುಮಾರು 45 ಸೆಂಟಿಮೀಟರ್. ಹೆಣ್ಣಿನ ಮಾತಿನ ಮೂಲ ಕಂಪನ ಸೆಕೆಂಡಿಗೆ ಸುಮಾರು 200. ಒಂದೊಂದು ಕಂಪನಕ್ಕೆ ಎರಡು ಮಿಲಿಮೀಟರಿಗಿಂತ ತುಸು ಹೆಚ್ಚು ಜಾಗ, ಅಷ್ಟು ಸಾಕು. ತೊಂದರೆ ಇದ್ದದ್ದು ‘ಸ’ಕಾರದಲ್ಲಿ. ಅದರ ಸೀಟಿಯಂಥ ಸದ್ದು ಸೆಕೆಂಡಿಗೆ ಐದಾರು ಸಾವಿರ ಕಂಪನ ದಾಟುತ್ತದೆ. ಒಂದೊಂದಕ್ಕೆ ಮಿಲಿಮೀಟರಿನ ಹತ್ತನೇ ಒಂದು ಪಾಲೂ ಸಿಗದು. ಅಂದಿನ ಮೈಕು, ಫಿಲ್ಮು, ಸ್ಪೀಕರುಗಳಿಗೆ ಅದು ಕೈಗೆ ಎಟುಕದಷ್ಟು ಸಣ್ಣದು. ‘ಸತಿ’ ಎಂದರೂ ‘ಸುಲೋಚನಾ’ ಎಂದರೂ ಮೊದಲ ಅಕ್ಷರವೇ ‘ಸ’. ಟಾಕೀಸಿನ ಹೊರಗೆ ಸೋನೆ ಹಿಡಿದು ತಗಡಿನ ಮಾಡಿನ ಮೇಲೆ ಸುರಿಯತೊಡಗಿದರಂತೂ ಇಂಥ ತೆಳು ಸದ್ದೇ ಮೊದಲು ಮುಳುಗುತ್ತದೆ. ಮಳೆಯ ಸದ್ದೂ ಅದೇ ಎತ್ತರದ ಕಂಪನಗಳಿಂದ ತುಂಬಿರುತ್ತದಲ್ಲ!

ಆ ಚಿತ್ರದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಅಂದಿನ ಚಿತ್ರಗಳು ಅಚ್ಚಾಗುತ್ತಿದ್ದದ್ದು ಸೆಲ್ಯುಲೋಸ್ ನೈಟ್ರೇಟಿನ ಫಿಲ್ಮಿನಲ್ಲಿ. ಕಿಡಿ ತಾಗಿದರೆ ಭಗ್ಗನೆ ಹೊತ್ತಿಕೊಳ್ಳುವ ವಸ್ತು. ಸುಮ್ಮನೆ ಡಬ್ಬಿಯಲ್ಲಿಟ್ಟರೂ ಅದಕ್ಕೆ ನೆಮ್ಮದಿಯಿಲ್ಲ: ನಿಧಾನವಾಗಿ ನೈಟ್ರೋಜನ್ ಆಕ್ಸೈಡ್ ಅನಿಲ ಬಿಡುತ್ತದೆ, ಅದು ತೇವದ ಜೊತೆ ಕೂಡಿ ಆಮ್ಲವಾಗುತ್ತದೆ, ಆಮ್ಲ ಮತ್ತಷ್ಟು ಫಿಲ್ಮನ್ನು ಕೊರೆದು ಮತ್ತಷ್ಟು ಅನಿಲ ಹುಟ್ಟಿಸುತ್ತದೆ. ಚಿತ್ರ ಮಾಸಿ, ಸುರುಳಿ ಅಂಟಂಟಾಗಿ, ಕೊನೆಗೆ ಕಂದು ಪುಡಿಯಾಗುತ್ತದೆ. ಸೆಕೆ, ತೇವ ಎರಡೂ ಇದಕ್ಕೆ ಕುಮ್ಮಕ್ಕು. ತಣ್ಣಗೆ, ಒಣಗಿದ ಕೋಣೆಯಲ್ಲಿಟ್ಟರೆ ಇದೇ ಫಿಲ್ಮು ದಶಕಗಟ್ಟಲೆ ಬಾಳುತ್ತದೆ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾದದ್ದು 1964ರಲ್ಲಿ. ಆಗಲೇ ‘ಸತಿ ಸುಲೋಚನಾ’ ತೆರೆಕಂಡು ಮೂವತ್ತು ವರ್ಷ ಕಳೆದಿತ್ತು.

ಅಜ್ಜಿಯ ಫೋಟೊವನ್ನು ಮೊಬೈಲಿನಲ್ಲಿ ನಾಲ್ಕೈದು ಸಲ ಸೆರೆಹಿಡಿದು ಮಕ್ಕಳಿಗೂ ತಂಗಿಗೂ ಕಳಿಸಿದೆ. ಮೂಲ ಫೋಟೊ ಈಗ ಬಿಗಿ ಮುಚ್ಚಳದ ಡಬ್ಬಿಯಲ್ಲಿ, ಸಿಲಿಕಾ ಪೊಟ್ಟಣಗಳ ಜೊತೆಗಿದೆ. ಹೊರಗೆ ಮಳೆ ಇನ್ನೂ ನಿಂತಿಲ್ಲ.