ಪೈಲ್ವಾನ್ ಅಸಲಿ, ವೇಷ ವಿಲನ್‌ದು: ಐರನ್ ಶೇಖ್ ಕಥೆಯ ಹಿಂದೆಮುಂದೆ

ಕುಸ್ತಿ ಅನ್ನೋ ಪದ, ಪೈಲ್ವಾನ್ ಅನ್ನೋ ಪದ ಎರಡೂ ನಮಗೆ ಪರ್ಶಿಯನ್‌ನಿಂದ ಬಂದಿದ್ದು. ಅಲ್ಲಿ ಕೊಶ್ತಿ, ಪಹ್ಲವಾನ್ ಅಂತಾರೆ. ನಮ್ಮಲ್ಲಿ ಗರಡಿ ಮನೆ ಇದ್ದ ಹಾಗೆ ಇರಾನ್‌ನಲ್ಲಿ ಜೂರ್‌ಖಾನೆ, ನಮ್ಮೋರು ಮಟ್ಟಿಗೆ ಇಳಿಯೋ ಥರಾನೇ ಅವರೂ ತಗ್ಗಿನ ಕಣಕ್ಕೆ ಇಳೀತಾರೆ, ಭುಜದ ಸುತ್ತ ತಿರುಗಿಸೋಕೆ ಮರದ ದಪ್ಪ ಮುದ್ಗರಗಳು, ಅವನ್ನ ಅವರು ಮೀಲ್ ಅಂತಾರೆ. ಇದನ್ನೆಲ್ಲ ಯಾಕೆ ಹೇಳ್ತಿದೀನಿ ಅಂದ್ರೆ, ಅಮೆರಿಕದವರು ಒಂದು ಕಾಲದಲ್ಲಿ ಕಂಡ್ರೆ ಉಗೀತಿದ್ದ ಟಿವಿ ರೆಸ್ಲಿಂಗ್ ವಿಲನ್ ಐರನ್ ಶೇಖ್ ಇಂಥ ಗರಡಿಯಿಂದ ಬಂದ ನಿಜವಾದ ಪೈಲ್ವಾನ್. ಯಾರು ಗೆಲ್ಲಬೇಕು ಅಂತ ಮೊದಲೇ ತೀರ್ಮಾನ ಆಗಿರೋ ರೆಸ್ಲಿಂಗ್ ರಿಂಗ್‌ನಲ್ಲಿ ಅವನನ್ನ ಸೋಲಿಸಿ ಹೀರೋ ಆದವರಲ್ಲಿ ಎಷ್ಟೋ ಜನ ನಿಜವಾದ ಕುಸ್ತಿಯಲ್ಲಿ ಅವನ ಮುಂದೆ ಎರಡು ನಿಮಿಷ ನಿಲ್ತಿರಲಿಲ್ಲ ಅನ್ನೋದು ನನ್ನ ಅನಿಸಿಕೆ.

ಅವನ ಅಸಲಿ ಹೆಸರು ಹೊಸೇನ್ ಖೊಸ್ರೊ ಅಲಿ ವಜೀರಿ, ಊರು ಇರಾನ್‌ನ ದಮ್ಘಾನ್. ಹುಡುಗನಿಗೆ ದೇವರಂತಿದ್ದವನು ಘೊಲಾಮ್‌ರೆಜಾ ತಖ್ತಿ, 1956ರ ಮೆಲ್ಬೋರ್ನ್ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದಿದ್ದ ಪೈಲ್ವಾನ್. ವಜೀರಿ ಸೇನೆಗೆ ಸೇರಿ, ಇರಾನ್‌ನ ದೊರೆ ಶಾ ಮನೆತನದವರಿಗೆ ಬಾಡಿಗಾರ್ಡ್ ಆಗಿಯೂ ಕೆಲಸ ಮಾಡಿದ. 1968ರ ಜನವರಿಯಲ್ಲಿ ತಖ್ತಿ ಟೆಹ್ರಾನ್‌ನ ಹೋಟೆಲ್ ರೂಮಲ್ಲಿ ಹೆಣವಾಗಿ ಸಿಕ್ಕ. ಆತ್ಮಹತ್ಯೆ ಅಂತ ಸರ್ಕಾರ ಹೇಳ್ತು, ಜನ ನಂಬಲಿಲ್ಲ, ಯಾಕಂದ್ರೆ ತಖ್ತಿ ಶಾಗೆ ಬಗ್ಗದ ಮನುಷ್ಯ. ಅಷ್ಟು ದೊಡ್ಡವನಿಗೇ ಈ ಗತಿ ಆದ್ರೆ ನನ್ನ ಕಥೆ ಏನು ಅಂತ ಹೆದರಿ ವಜೀರಿ ಅಮೆರಿಕದ ದಾರಿ ಹಿಡಿದ.

ಅಲ್ಲಿ 1971ರಲ್ಲಿ ಅಮೆಚೂರ್ ಗ್ರೀಕೋ-ರೋಮನ್ ಕುಸ್ತಿಯಲ್ಲಿ (ಸೊಂಟದ ಕೆಳಗೆ ಹಿಡಿಯೋ ಹಾಗಿಲ್ಲದ ಕುಸ್ತಿ) ನ್ಯಾಷನಲ್ ಚಿನ್ನ, 1972ರ ಒಲಿಂಪಿಕ್ಸ್‌ಗೆ ಅಮೆರಿಕ ತಂಡದ ಸಹಾಯಕ ಕೋಚ್. ಹೌದು, ಅಮೆರಿಕದ್ದೇ ತಂಡಕ್ಕೆ! ಆದ್ರೆ ಅಮೆಚೂರ್ ಕುಸ್ತಿಯಿಂದ ಹೊಟ್ಟೆ ತುಂಬುತ್ತಾ? ಮಿನಿಸೋಟಾದಲ್ಲಿ ವರ್ನ್ ಗ್ಯಾನ್ಯಾ ಅನ್ನೋ ಪ್ರಮೋಟರ್ ತನ್ನ ಫಾರ್ಮಿನ ಕೊಟ್ಟಿಗೆಯಲ್ಲೇ ಪ್ರೊ ರೆಸ್ಲಿಂಗ್, ಅಂದ್ರೆ ಆ ಪ್ರದರ್ಶನದ ಕುಸ್ತಿ ಕಲಿಸ್ತಿದ್ದ, ಚಳಿಗಾಲದಲ್ಲಿ ಮೈ ಕೊರೆಯೋ ಜಾಗ ಅದು, ಅಲ್ಲಿ ಇವನ ಬ್ಯಾಚ್‌ಮೇಟ್ ಯಾರು ಗೊತ್ತಾ, ಮುಂದೆ ರೆಸ್ಲಿಂಗ್‌ನ ದೊಡ್ಡ ಸ್ಟಾರ್ ಆದ ರಿಕ್ ಫ್ಲೇರ್.

ಇಲ್ಲಿಂದ ವೇಷದ ಕಥೆ ಶುರು. ತಲೆ ಬೋಳಿಸಿ, ದಪ್ಪ ಮೀಸೆ ಬಿಟ್ಟು, ತುದಿ ಸುರುಳಿ ಸುತ್ತಿದ ಬೂಟು ಹಾಕಿ, ತಲೆಗೆ ಅರಬ್ಬರ ವಸ್ತ್ರ ಸುತ್ತಿದ್ರು. ಇರಾನಿಗಳು ಅರಬ್ಬರಲ್ಲ, ಭಾಷೆಯೂ ಬೇರೆ, ಆದ್ರೆ ಟಿಕೆಟ್ ತಗೊಳ್ಳೋ ಅಮೆರಿಕದವನಿಗೆ ಅದೆಲ್ಲ ಯಾಕೆ ಬೇಕು. ಅವನ ಒಂದು ಹೆಸರಂತೂ ಗ್ರೇಟ್ ಹೊಸೇನ್ ಅರಬ್! 1979ರಲ್ಲಿ ಇರಾನ್‌ನಲ್ಲಿ ಕ್ರಾಂತಿಯಾಗಿ ಶಾ ಓಡಿಹೋದ, ಆ ನವೆಂಬರ್‌ನಲ್ಲಿ ಕ್ರಾಂತಿಯ ಕಡೆಯ ವಿದ್ಯಾರ್ಥಿಗಳು ಟೆಹ್ರಾನ್‌ನ ಅಮೆರಿಕನ್ ಎಂಬಸಿಗೆ ನುಗ್ಗಿ ಅಲ್ಲಿದ್ದವರನ್ನ ಒತ್ತೆ ಇಟ್ಕೊಂಡ್ರು, 444 ದಿನ. ದಿನಾ ರಾತ್ರಿ ಟಿವಿ ನ್ಯೂಸ್‌ನಲ್ಲಿ ಅದೇ. ಆಮೇಲೆ ಶೇಖ್‌ಗೆ ರಿಂಗ್‌ನಲ್ಲಿ ಹೆಚ್ಚು ನಟಿಸೋ ಅಗತ್ಯವೇ ಇರಲಿಲ್ಲ, ಇರಾನ್ ಬಾವುಟ ಹಿಡ್ಕೊಂಡು ಬಂದು ಮೈಕ್‌ನಲ್ಲಿ "ಇರಾನ್ ನಂಬರ್ ಒನ್" ಅಂದು, ಯುಎಸ್‌ಎ ಅಂತ ಹೇಳಿ ಥೂ ಅಂತ ಉಗಿದ್ರೆ ಸಾಕು, ಇಡೀ ಹಾಲ್ ಎದ್ದು ನಿಲ್ತಿತ್ತು. ಕೈಗೆ ಸಿಕ್ಕಿದ್ದನ್ನ ಎಸೆಯೋರು. ಶಾಗೆ ಹೆದರಿ ಊರು ಬಿಟ್ಟವನು, ಶಾನನ್ನ ಓಡಿಸಿದ ಕ್ರಾಂತಿಯ ಪಾಪ ತಲೆ ಮೇಲೆ ಹೊತ್ಕೊಂಡು ಬೈಸ್ಕೊಳ್ತಿದ್ದ ನೋಡಿ.

ರೆಸ್ಲಿಂಗ್‌ನಲ್ಲಿ ವಿಲನ್‌ಗೆ ಹೀಲ್ ಅಂತಾರೆ. ಯಕ್ಷಗಾನದಲ್ಲಿ ಬಣ್ಣದ ವೇಷಕ್ಕೆ ಅಬ್ಬರ ಇಲ್ದಿದ್ರೆ ಎದುರು ವೇಷಕ್ಕೂ ಬೆಲೆ ಇಲ್ಲ ಅಲ್ವಾ, ಹಾಗೇ ಇದೂ. ಸಾಮಾನ್ಯವಾಗಿ ಪಂದ್ಯದ ಗತಿ ಹಿಡಿಯೋದು ಹೀಲೇ, ಯಾವಾಗ ಹೊಡೀಬೇಕು, ಯಾವಾಗ ಹೆದರಿದಂಗೆ ಮಾಡಿ ಜನರನ್ನ ಕುಣಿಸಬೇಕು ಅಂತ. ವಜ್ರಮುನಿ ತೆರೆ ಮೇಲೆ ಬಂದ ತಕ್ಷಣ ಥಿಯೇಟರ್‌ನಲ್ಲಿ ಶಾಪ ಹಾಕೋರು ಇದ್ರಲ್ಲ, ಆ ಶಾಪವೇ ಇಲ್ಲೂ ಸಂಬಳ.

ಇದು ಹೇಗೆ ವರ್ಕ್ ಆಗುತ್ತೆ ಅಂತ ನೋಡೋಕೆ 1983ರ ಡಿಸೆಂಬರ್ 26, ನ್ಯೂಯಾರ್ಕ್‌ನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್ ಸಾಕು. 1978ರಿಂದ ಚಾಂಪಿಯನ್ ಆಗಿದ್ದ ಬಾಬ್ ಬ್ಯಾಕ್‌ಲಂಡ್ ಒಳ್ಳೆ ಹುಡುಗ, ಡಬ್ಲ್ಯೂಡಬ್ಲ್ಯೂಎಫ್ (ಈಗಿನ ಡಬ್ಲ್ಯೂಡಬ್ಲ್ಯೂಇ) ರೆಸ್ಲಿಂಗ್ ಕಂಪನಿಯ ಆಗಿನ ಮಾಲೀಕ ವಿನ್ಸ್ ಮೆಕ್‌ಮಹನ್‌ಗೆ ಹಲ್ಕ್ ಹೋಗನ್ ಚಾಂಪಿಯನ್ ಆಗಬೇಕು, ಅವನೂ ಒಳ್ಳೆಯವನೇ. ಒಳ್ಳೆಯವನು ಒಳ್ಳೆಯವನನ್ನ ಹೊಡೆದ್ರೆ ಜನ ಯಾರಿಗೆ ಶಿಳ್ಳೆ ಹೊಡೀಬೇಕು? ಅದಕ್ಕೆ ಮಧ್ಯೆ ಒಬ್ಬ ಕೆಟ್ಟವನು ಬೇಕಾಯ್ತು. ಶೇಖ್‌ನ ಪಟ್ಟು ಕ್ಯಾಮೆಲ್ ಕ್ಲಚ್: ಬೋರಲು ಬಿದ್ದವನ ಬೆನ್ನ ಮೇಲೆ ಕೂತು, ಅವನ ಕೈಗಳನ್ನ ತನ್ನ ಮಂಡಿ ಮೇಲೆ ಸಿಕ್ಕಿಸ್ಕೊಂಡು, ಗದ್ದದ ಕೆಳಗೆ ಬೆರಳು ಕಟ್ಟಿ ತಲೆಯನ್ನ ಹಿಂದಕ್ಕೆ ಜಗ್ಗೋದು. ಬ್ಯಾಕ್‌ಲಂಡ್ ಸೋತೆ ಅಂತ ಹೇಳಲೇ ಇಲ್ಲ, ಅವನ ಮ್ಯಾನೇಜರ್ ಆರ್ನಲ್ಡ್ ಸ್ಕಾಲಂಡ್ ರಿಂಗಿಗೆ ಟವೆಲ್ ಎಸೆದ, ಅವನ ಪರವಾಗಿ ಸೋಲೊಪ್ಪಿಕೊಳ್ಳೋ ಗುರುತು ಅದು. ಅಂದ್ರೆ ಅವನ ಮಾನವೂ ಉಳೀತು, ಚಾಂಪಿಯನ್ ಬೆಲ್ಟೂ ಹೋಯ್ತು. ಸರಿಯಾಗಿ 28 ದಿನ ಆದ್ಮೇಲೆ, 1984ರ ಜನವರಿ 23ಕ್ಕೆ, ಅದೇ ಗಾರ್ಡನ್‌ನಲ್ಲಿ ಹೋಗನ್ ಅದೇ ಪಟ್ಟಿನಿಂದ ಶೇಖ್‌ನನ್ನ ಬೆನ್ನ ಮೇಲೆ ಹೊತ್ಕೊಂಡೇ ಎದ್ದು, ಮೂಲೆಗೆ ಹಿಂದಕ್ಕೆ ಗುದ್ದಿ, ಕೆಳಗೆ ಬಿದ್ದವನ ಮೇಲೆ ಕಾಲು ಚಾಚಿ ಬಿದ್ದು (ಲೆಗ್ ಡ್ರಾಪ್) ಪಿನ್ ಮಾಡಿದ, ಅಂದ್ರೆ ಮೂರು ಎಣಿಸೋವರೆಗೆ ಭುಜಗಳನ್ನ ನೆಲಕ್ಕೆ ಒತ್ತಿ ಹಿಡಿದ. ಆರು ನಿಮಿಷವೂ ಆಗಲಿಲ್ಲ. ನಾವೆಲ್ಲ ಸ್ಕೂಲಲ್ಲಿ ಹೋಗನ್ ಟ್ರಂಪ್ ಕಾರ್ಡ್‌ಗೆ ಕಿತ್ತಾಡ್ತಿದ್ವಲ್ಲ, ಆ ಹೋಗನ್ ಹುಟ್ಟಿದ್ದು ಅವತ್ತು. ಹೋಗನ್‌ನ ಕಾಲು ನಿಜವಾಗ್ಲೂ ಮುರಿ, 1 ಲಕ್ಷ ಡಾಲರ್ ಕೊಡ್ತೀನಿ ಅಂತ ಹಳೇ ಗುರು ಗ್ಯಾನ್ಯಾ ಆಮಿಷ ಒಡ್ಡಿದ್ದ, ನಾನು ಒಪ್ಪಲಿಲ್ಲ ಅಂತ ಶೇಖ್ ಆಮೇಲೆ ಹೇಳ್ಕೊಂಡು ಓಡಾಡ್ತಿದ್ದ. ಎಷ್ಟು ನಿಜಾನೋ, ಆದ್ರೆ ಮನಸ್ಸು ಮಾಡಿದ್ರೆ ಮುರಿಯೋ ತಾಕತ್ತಂತೂ ಅವನಿಗಿತ್ತು.

1985ರಲ್ಲಿ ಕಂಪನಿಯ ವರ್ಷದ ದೊಡ್ಡ ಶೋ ರೆಸಲ್‌ಮೇನಿಯಾ ಮೊದಲ ಸಲ ನಡೆದಾಗ ನಿಕೊಲಾಯ್ ವೋಲ್ಕಾಫ್ ಜೊತೆ ಟ್ಯಾಗ್ ಟೀಮ್ (ಜೋಡಿ ಕುಸ್ತಿ) ಬೆಲ್ಟ್ ಗೆದ್ದ. ವೋಲ್ಕಾಫ್ ಪಂದ್ಯಕ್ಕೆ ಮುಂಚೆ ಸೋವಿಯತ್ ರಾಷ್ಟ್ರಗೀತೆ ಹಾಡ್ತಿದ್ದ, ಅಸಲಿಗೆ ಅವನು ಕಮ್ಯುನಿಸ್ಟ್ ಯುಗೊಸ್ಲಾವಿಯಾ ಬಿಟ್ಟು ಓಡಿ ಬಂದವನು. ಇಬ್ಬರೂ ತಾವು ಬಿಟ್ಟು ಬಂದಿದ್ದರ ವೇಷವನ್ನೇ ಹಾಕಿ ದುಡೀತಿದ್ರು.

1987ರ ಮೇನಲ್ಲಿ ಎಡವಟ್ಟಾಯ್ತು. ಆಗ ರಿಂಗ್‌ನಲ್ಲಿ ಅಮೆರಿಕನ್ ಬಾವುಟ ಹಿಡಿದ ದೇಶಭಕ್ತ ಜಿಮ್ ಡಗನ್‌ಗೂ ಶೇಖ್‌ಗೂ ಹಾವು ಮುಂಗುಸಿ ಜಗಳ. ನ್ಯೂಜೆರ್ಸಿ ಹೈವೇಯಲ್ಲಿ ಪೊಲೀಸರು ಒಂದು ಕಾರು ನಿಲ್ಲಿಸಿದ್ರೆ ಒಳಗೆ ಇಬ್ಬರೂ ಅಕ್ಕಪಕ್ಕ, ಜೊತೆಗೆ ಗಾಂಜಾ, ಕೊಕೇನ್. ಡ್ರಗ್ಸ್ ಹೇಗೂ ತಪ್ಪು, ಆದ್ರೆ ರೆಸ್ಲಿಂಗ್ ಮಂದಿಗೆ ಅದಕ್ಕಿಂತ ನುಂಗಲಾರದ್ದು ಶತ್ರುಗಳು ಒಂದೇ ಕಾರಲ್ಲಿ ಕೂತಿದ್ದು, ಯಾಕಂದ್ರೆ ಹೀರೋ ವಿಲನ್ ಜೊತೆ ಹೊರಗೆ ಕಾಣಿಸ್ಕೊಳ್ಳಬಾರದು ಅನ್ನೋ ಕಟ್ಟುನಿಟ್ಟಿನ ನಿಯಮ ಇತ್ತು, ರಿಂಗ್‌ನ ಕಥೆಯೆಲ್ಲ ನಿಜ ಅಂತ ಹೊರಗೂ ನಟಿಸೋ ಕೇಫೇಬ್ ಅನ್ನೋ ಪದ್ಧತಿಯ ಭಾಗ ಅದು. ಇಬ್ಬರಿಗೂ ಗೇಟ್‌ಪಾಸ್. ತಮಾಷೆ ಏನಂದ್ರೆ ಎರಡೇ ವರ್ಷದಲ್ಲಿ, 1989ರಲ್ಲಿ, ಸರ್ಕಾರಿ ನಿಯಂತ್ರಣ ತಪ್ಪಿಸ್ಕೊಳ್ಳೋಕೆ ಕಂಪನಿಯೇ ಅದೇ ನ್ಯೂಜೆರ್ಸಿಯಲ್ಲಿ ಇದು ಬರೀ ಮನರಂಜನೆ ಅಂತ ಒಪ್ಕೊಂಡ್ತು.

1991ರಲ್ಲಿ ಗಲ್ಫ್ ಯುದ್ಧ. ಅಮೆರಿಕದ ಹೊಸ ಶತ್ರು ಸದ್ದಾಂ, ಹಾಗಾಗಿ ಶೇಖ್‌ಗೆ ಇರಾಕಿ ಯೂನಿಫಾರ್ಮ್ ತೊಡಿಸಿ ಕರ್ನಲ್ ಮುಸ್ತಫಾ ಅಂತ ಕರೆದ್ರು. ಇರಾನ್ ಇರಾಕ್ ಎಂಟು ವರ್ಷ ಲಕ್ಷಗಟ್ಟಲೆ ಜನ ಸಾಯೋ ಥರ ಹೊಡೆದಾಡಿ ಮೂರು ವರ್ಷವೂ ಆಗಿರಲಿಲ್ಲ. ಈ ಡ್ರೆಸ್ಸನ್ನ ದಮ್ಘಾನ್‌ನವರು ನೋಡಿದ್ರೆ ಏನಂತಿದ್ರೋ.

ಆಮೇಲಿನದು ಹೆಚ್ಚು ಹೇಳೋಕೆ ಮನಸ್ಸಾಗಲ್ಲ. ಮಂಡಿ ಸವೆದು ಹೋಯ್ತು, ಡ್ರಗ್ಸ್ ಚಟ ಮೈ ತಿಂತು, 2003ರಲ್ಲಿ ಮಗಳ ಕೊಲೆಯಾಯ್ತು. ಮುಪ್ಪಿನಲ್ಲಿ ಟ್ವಿಟರ್‌ನಲ್ಲಿ ಎಲ್ಲರನ್ನ ಬೈಯೋ ಅಜ್ಜನಾಗಿ ಹೊಸ ಹುಡುಗರಿಗೆ ಪರಿಚಯ ಆದ. 2005ರಲ್ಲಿ ಹಾಲ್ ಆಫ್ ಫೇಮ್ ಗೌರವ ಸಿಕ್ತು, 2023ರ ಜೂನ್ 7ಕ್ಕೆ ತೀರ್ಕೊಂಡ.

ನನಗೆ ನೆನಪಲ್ಲಿ ಉಳಿಯೋದು 2001ರ ರೆಸಲ್‌ಮೇನಿಯಾ. ಹಳೇ ವೇಷದವರನ್ನೆಲ್ಲ ಸೇರಿಸಿ ಒಂದು ಬ್ಯಾಟಲ್ ರಾಯಲ್ ಇಟ್ಟಿದ್ರು, ಮೇಲಿನ ಹಗ್ಗದಾಚೆ ಬಿದ್ದವನು ಔಟ್. ಶೇಖ್ ಮಂಡಿ ಎಷ್ಟು ಕೆಟ್ಟಿತ್ತು ಅಂದ್ರೆ ಹಗ್ಗದ ಮೇಲಿಂದ ಕೆಳಗೆ ಬೀಳೋಕೂ ಆಗಲ್ಲ, ಬಿದ್ರೆ ಮುರಿದೇ ಹೋಗುತ್ತೆ, ಹಾಗಾಗಿ ಬೇರೆ ದಾರಿ ಇಲ್ಲದೆ ಅವನನ್ನೇ ಗೆಲ್ಲಿಸಿದ್ರು. ಗೆದ್ದು ಇನ್ನೂ ನಿಂತೇ ಇದ್ದ, ಹಳೇ ಶತ್ರು ಸಾರ್ಜೆಂಟ್ ಸ್ಲಾಟರ್ ಬಂದು ಕುತ್ತಿಗೆಗೆ ಪಟ್ಟು ಹಾಕಿ ನೆಲಕ್ಕೆ ಮಲಗಿಸಿದ, ಜನ ಹೋ ಅಂತ ಕೂಗಿದ್ರು.