ಶಾಯಿ ಹಳೆಯದಾಗಿದ್ದಿದ್ದರೆ ಪಾಠ ಶುದ್ಧವಾಗುತ್ತಿತ್ತೇ?

ಪ್ರಶ್ನೆ: ಪರ್ಕಿನ್ಸ್ ಫೋಲಿಯೊದ ಅಂಚಿನಲ್ಲಿರುವ ತಿದ್ದುಪಡಿಗಳು ನಿಜಕ್ಕೂ ಹದಿನೇಳನೇ ಶತಮಾನದವೇ ಆಗಿದ್ದಿದ್ದರೆ, ಅವನ್ನು ಷೇಕ್ಸ್‌ಪಿಯರನ ಮೂಲಪಾಠವೆಂದು ಒಪ್ಪಬೇಕಿತ್ತಲ್ಲವೇ?

ಇಲ್ಲ. ಮಾತು ಬದಲಾದರೂ ಇದೇ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ. ಆದ್ದರಿಂದ ಈ ಸಲ ಬುಡದಿಂದಲೇ ಬಿಡಿಸಿ ಹೇಳುತ್ತೇನೆ.

ಪ್ರಕರಣ ಹೀಗಿದೆ. 1849ರಲ್ಲಿ ಥಾಮಸ್ ರಾಡ್ ಎಂಬ ಪುಸ್ತಕ ವ್ಯಾಪಾರಿಯಿಂದ 1632ರ ಎರಡನೇ ಫೋಲಿಯೊದ (ಷೇಕ್ಸ್‌ಪಿಯರನ ನಾಟಕಗಳನ್ನು ಕೂಡಿಸಿದ ದೊಡ್ಡ ಗಾತ್ರದ ಸಂಪುಟದ) ಒಂದು ಪ್ರತಿಯನ್ನು 30 ಶಿಲ್ಲಿಂಗ್ ಕೊಟ್ಟು ಕೊಂಡೆನೆಂದು ಷೇಕ್ಸ್‌ಪಿಯರ್ ವಿದ್ವಾಂಸ ಜಾನ್ ಪೇನ್ ಕಾಲಿಯರ್ ಹೇಳಿದ. ಪರ್ಕಿನ್ಸ್ ಫೋಲಿಯೊ ಎನ್ನುವುದು ಈ ಪ್ರತಿಯನ್ನೇ. ಅದರ ತುಂಬ ಹಳೆಯ ಕೈಬರಹದ ಸಾವಿರಾರು ತಿದ್ದುಪಡಿಗಳಿವೆ ಎಂದು 1852ರಲ್ಲಿ ಸಾರಿದ. 1859ರಲ್ಲಿ ಆ ಪ್ರತಿ ಬ್ರಿಟಿಷ್ ಮ್ಯೂಸಿಯಮ್ಮಿಗೆ ಬಂತು. ಹಸ್ತಪ್ರತಿ ವಿಭಾಗದ ಹ್ಯಾಮಿಲ್ಟನ್ ಶಾಯಿಯ ಅಕ್ಷರಗಳ ಅಡಿಯಲ್ಲಿ ಪೆನ್ಸಿಲ್ ಗುರುತುಗಳನ್ನು ಕಂಡ. ಮೇಲೆ ಶಾಯಿಯಲ್ಲಿ ಹಳೇ ಕಾಲದ ‘ಬಿ-ಓ-ಡಿ-ಐ-ಇ’, ಕೆಳಗೆ ಪೆನ್ಸಿಲಿನಲ್ಲಿ ಈಗಿನ ‘ಬಿ-ಓ-ಡಿ-ವೈ’. ಖನಿಜ ವಿಭಾಗದ ಮಸ್ಕೆಲಿನ್ ಸೂಕ್ಷ್ಮದರ್ಶಕ ಹಿಡಿದು ನೋಡಿದ. ಶಾಯಿಯೆಂದುಕೊಂಡದ್ದು ಬರೀ ನೀರಿಗೇ ಬಿಟ್ಟುಹೋಗುವ ಬಣ್ಣ, ಪೆನ್ಸಿಲ್ ಗೆರೆ ಅದರ ಕೆಳಗೇ ಹಾಯ್ದಿತ್ತು. ಅಂದರೆ ಹಳೆಯದೆಂದು ತೋರುವ ಬರಹ ಈಚಿನವರ ನಕಲಿ. ಪತ್ತೆದಾರಿ ಕಥೆಯಾಗಿ ಇದು ಸೊಗಸಾಗಿದೆ. ಹಾಗಾಗಿಯೇ ಜನ ಇಷ್ಟಕ್ಕೇ ನಿಂತುಬಿಡುತ್ತಾರೆ. ನೀರಿಗೆ ಹೋಗುವ ಬಣ್ಣವಾದ್ದರಿಂದ ಕಾಲಿಯರ್ ಸೋತ, ಗಟ್ಟಿ ಶಾಯಿಯಾಗಿದ್ದರೆ ಗೆಲ್ಲುತ್ತಿದ್ದ ಎಂಬ ನಂಬಿಕೆ ಹುಟ್ಟುವುದು ಇಲ್ಲಿಂದಲೇ.

ಈ ನಂಬಿಕೆ ಬುಡದಲ್ಲೇ ತಪ್ಪು. ಷೇಕ್ಸ್‌ಪಿಯರ್ ತೀರಿಕೊಂಡದ್ದು 1616ರಲ್ಲಿ. ಅವನ ಜೊತೆಯ ನಟರು ಮೊದಲ ಫೋಲಿಯೊ ತಂದದ್ದು 1623ರಲ್ಲಿ. 1632ರ ಎರಡನೇ ಫೋಲಿಯೊ ಅದರ ಮರುಮುದ್ರಣ. ಅಚ್ಚಿನ ಮೊಳೆ ಜೋಡಿಸುವವನ ಮುಂದೆ ಇದ್ದದ್ದು ಮೊದಲ ಫೋಲಿಯೊದ ಪುಟವೇ ಹೊರತು ನಾಟಕಕಾರನ ಹಸ್ತಪ್ರತಿಯಲ್ಲ. ಅವನು ಕೆಲವು ತಪ್ಪುಗಳನ್ನು ಊಹೆಯಿಂದ ತಿದ್ದಿದ, ಹೊಸ ತಪ್ಪುಗಳನ್ನು ಸೇರಿಸಿದ. ಎರಡನೇ ಫೋಲಿಯೊದ ಬದಲಾವಣೆಗಳಿಗೆ ಸ್ವತಂತ್ರ ಪ್ರಾಮಾಣ್ಯವಿಲ್ಲವೆಂದು ಷೇಕ್ಸ್‌ಪಿಯರ್ ಸಂಪಾದಕ ಮಲೋನ್ 1790ರಲ್ಲೇ ವಾದಿಸಿದ್ದ. ಅಂಥ ಪುಸ್ತಕದ ಅಂಚಿನಲ್ಲಿ 1640ರಲ್ಲಿ ಯಾರೋ ಒಬ್ಬ ಗೀಚಿದ್ದರೆ, ಸಿಗುವುದು 1640ರ ಓದುಗನೊಬ್ಬನ ಊಹೆ. ಅವನ ಬಳಿ ಬೇರೆ ಆಕರವಿತ್ತೆಂದು ತೋರಿಸುವವರೆಗೆ ಅವನ ಮಾತಿಗೂ ನಿಮ್ಮ ಮಾತಿಗೂ ತೂಕ ಒಂದೇ. ಓಲೆಗರಿಗಳಿಂದ ಪಾಠಾಂತರ ಕೂಡಿಸಿದವರಿಗೆ ಇದನ್ನು ಹೇಳಿಕೊಡಬೇಕಿಲ್ಲ. ಪ್ರತಿ ಎಷ್ಟು ಹಳೆಯದು ಎನ್ನುವುದಕ್ಕಿಂತ, ಯಾವ ಪ್ರತಿಯಿಂದ ಇಳಿದು ಬಂದದ್ದು ಎನ್ನುವುದೇ ಅವರ ಮೊದಲ ಪ್ರಶ್ನೆ.

ಒಂದೇ ಸಾಲನ್ನು ಹತ್ತಿರದಿಂದ ನೋಡಿ. ‘ಐದನೆಯ ಹೆನ್ರಿ’ ನಾಟಕದಲ್ಲಿ ಹೆಂಡದಂಗಡಿಯ ಒಡತಿ ಫಾಲ್‌ಸ್ಟಾಫ್‌ನ ಸಾವನ್ನು ಬಣ್ಣಿಸುತ್ತಾಳೆ. ಅವನ ಮೂಗು ಲೇಖನಿಯಂತೆ ಚೂಪಾಗಿತ್ತು ಎಂದ ಮೇಲೆ, ಮೊದಲ ಫೋಲಿಯೊದಲ್ಲಿ ‘ಮತ್ತು ಹಸಿರು ಹೊಲಗಳ ಒಂದು ಟೇಬಲ್’ ಎಂದಿದೆ. ಅರ್ಥವಿಲ್ಲ. 1726ರಲ್ಲಿ ವಿದ್ವಾಂಸ ಥಿಯೋಬಾಲ್ಡ್ ‘ಟೇಬಲ್’ ಇದ್ದಲ್ಲಿ ‘ಬ್ಯಾಬಲ್ಡ್’ ಎಂದು ಓದಿದ: ಸಾಯುವವನು ಹಸಿರು ಹೊಲಗಳ ಬಗ್ಗೆ ಬಡಬಡಿಸುತ್ತಿದ್ದ. ಆ ಕಾಲದ ಮೋಡಿ ಬರಹದಲ್ಲಿ ಈ ಎರಡು ಪದಗಳು ಒಂದನ್ನೊಂದು ಹೋಲುತ್ತವೆ, ಆದ್ದರಿಂದ ತಪ್ಪು ಹೇಗಾಯಿತೆಂಬುದಕ್ಕೂ ಉತ್ತರ ಸಿಗುತ್ತದೆ. ಇದರ ಜೊತೆಗೆ 1600ರ ಕ್ವಾರ್ಟೊ (ಈ ಒಂದೇ ನಾಟಕದ ಚಿಕ್ಕ ಗಾತ್ರದ ಮುದ್ರಣ) ಎಂಬ ಬೇರೆಯೇ ಸಾಕ್ಷಿಯಲ್ಲಿ ಅವನು ‘ಹೂಗಳ ಮಾತಾಡುತ್ತಿದ್ದ’ ಎಂದಿದೆ. ಪರ್ಕಿನ್ಸ್ ಫೋಲಿಯೊದ ತಿದ್ದುಪಡಿ ಏನು? ‘ಹಸಿರು ಉಣ್ಣೆಬಟ್ಟೆ ಹೊದಿಸಿದ ಮೇಜಿನ ಮೇಲಿನ’ ಲೇಖನಿಯಂತೆ. ವಾಕ್ಯ ಕೂಡಿತು, ಆದರೆ ಸಾಯುವವನ ಬಾಯಿಂದ ಮಾತೇ ಹೋಯಿತು. ಇದನ್ನು ತಳ್ಳಿಹಾಕಲು ಯಾವ ಸೂಕ್ಷ್ಮದರ್ಶಕ ಬೇಕು? ಸಂಪಾದಕ ಸಿಂಗರ್ 1853ರಲ್ಲೇ, ಅಂದರೆ ಮ್ಯೂಸಿಯಮ್ಮಿನ ಪರೀಕ್ಷೆಗೆ ಆರು ವರ್ಷ ಮೊದಲೇ, ಈ ತಿದ್ದುಪಡಿಗಳನ್ನು ಭಾಷೆಯ ನೆಲೆಯಲ್ಲಿ ಎದುರಿಸಿ ಪುಸ್ತಕವನ್ನೇ ಬರೆದಿದ್ದ.

ತಿರುಗಿಸಿ ನೋಡಿದರೂ ನಿಯಮ ಅದೇ. ಕೊರಿಯೊಲೇನಸ್‌ನಲ್ಲಿ ‘ಬಾಸಮ್ ಮಲ್ಟಿಪ್ಲೈಡ್’ (ಹಲವು ಪಟ್ಟಾದ ಎದೆ) ಎಂದಿರುವಲ್ಲಿ ಪರ್ಕಿನ್ಸ್ ಫೋಲಿಯೊ ‘ಬಿಸನ್ ಮಲ್ಟಿಟ್ಯೂಡ್’, ಅಂದರೆ ಕುರುಡು ಜನಜಂಗುಳಿ, ಎಂದು ತಿದ್ದುತ್ತದೆ. ‘ಬಿಸನ್’ ಎಂಬ ಅಪರೂಪದ ಪದ ಅದೇ ನಾಟಕದ ಎರಡನೇ ಅಂಕದಲ್ಲಿ ಬರುತ್ತದೆ. ಹಾಗಾಗಿ ಬಣ್ಣ ನಕಲಿಯೆಂದು ತಿಳಿದ ಮೇಲೂ ಹಲವು ಸಂಪಾದಕರು ಇದನ್ನು ಒಪ್ಪಿದರು. ಒಪ್ಪಿದ್ದು ಒಳ್ಳೆಯ ಊಹೆಯೆಂದು, ಸಾಕ್ಷಿಯೆಂದಲ್ಲ.

ಇನ್ನೊಂದು ವಿಷಯವನ್ನು ಯಾರೂ ಕೇಳುವುದಿಲ್ಲ, ಕೇಳಬೇಕಿತ್ತು: ಕಾಲಿಯರ್‌ನ ಸುತ್ತ ಹಬ್ಬಿದ ಅನುಮಾನ ನಿಜವಾದ ದಾಖಲೆಯನ್ನೂ ಸುಟ್ಟಿತೇ? ಹೌದು. ಅವನ ಗೆಳೆಯ ಪೀಟರ್ ಕನ್ನಿಂಗ್‌ಹ್ಯಾಮ್ 1842ರಲ್ಲಿ ಅರಮನೆಯ ಮನರಂಜನಾ ಕಚೇರಿಯ ಲೆಕ್ಕಪತ್ರಗಳನ್ನು ಅಚ್ಚು ಹಾಕಿಸಿದ. 1604ರ ನವೆಂಬರ್ 1ರಂದು ಅರಮನೆಯಲ್ಲಿ ಒಥೆಲೊ ಆಡಿದ್ದು ಅದರಲ್ಲಿದೆ, ಅದೇ ಪಟ್ಟಿಯ ಬೇರೆ ಕೆಲವು ನಾಟಕಗಳ ಎದುರು ಕವಿಯ ಹೆಸರು ‘ಶಾಕ್ಸ್‌ಬರ್ಡ್’ ಎಂದಿದೆ. 1868ರಲ್ಲಿ ಆತ ಸರ್ಕಾರದ ಆ ಕಾಗದಗಳನ್ನೇ ಮ್ಯೂಸಿಯಮ್ಮಿಗೆ ಮಾರಲು ಹೋದಾಗ, ಇವೂ ಕಾಲಿಯರ್ ಬಳಗದ ಕೈಚಳಕವೆಂದು ವಿದ್ವಾಂಸರು ದಶಕಗಟ್ಟಲೆ ನಂಬಿದರು. ಆದರೆ 1812ರಲ್ಲಿ ತೀರಿಕೊಂಡ ಮಲೋನ್ ಒಥೆಲೊ 1604ರಲ್ಲಿ ರಂಗದ ಮೇಲೆ ಬಂದಿತ್ತು, ಅದು ನಮಗೆ ಗೊತ್ತು ಎಂದು ಬರೆದಿಟ್ಟದ್ದು 1821ರ ಆವೃತ್ತಿಯಲ್ಲಿ ಅಚ್ಚಾಗಿದೆ. ಆಗ ಕನ್ನಿಂಗ್‌ಹ್ಯಾಮ್‌ಗೆ ಐದು ವರ್ಷ. 1911ರಲ್ಲಿ ಅರ್ನೆಸ್ಟ್ ಲಾ ಈ ಕಾಗದಗಳ ಪರವಾಗಿ ವಾದ ಹೂಡಿದ, 1930ರಲ್ಲಿ ಸ್ಟ್ಯಾಂಪ್ ಅವನ್ನು ಮತ್ತೆ ಪರೀಕ್ಷಿಸಿದ. ಲೆಕ್ಕಪತ್ರ ಅಸಲಿ. ಒಥೆಲೊ 1604ರ ಹೊತ್ತಿಗೆ ಇತ್ತೆಂದು ಇಂದು ನಾವು ಹೇಳುವುದು ಅದರ ಬಲದಿಂದಲೇ.