ಬಿಲ್ಲು ಬಂದ್ಮೇಲೆ ನೋಡೋಣ

ಮಂಡ್ಯ ಜಿಲ್ಲೆಯ ಮಳವಳ್ಳಿ ಕಡೆಯ ಒಂದು ಹಳ್ಳಿ ಅಂಗಡಿ. ಬಾಗಿಲಲ್ಲಿ ಶಾಂಪೂ ಪ್ಯಾಕೆಟ್ಟಿನ ಸರ ಜೋಲಾಡುತ್ತಿತ್ತು. ಒಬ್ಬ ಹೆಂಗಸು ಬಂದು ಅದರಲ್ಲಿ ಎರಡು ಕಿತ್ತುಕೊಂಡರು. ಕಾಲು ಕೆಜಿ ಸಕ್ಕರೆ, ಟೀ ಪುಡಿಯನ್ನೂ ಕಟ್ಟಿಸಿಕೊಂಡರು. "ಬಟವಾಡೆ ದಿನ ಕೊಡ್ತೀನಿ, ಬರ್ಕೊಳ್ಳಿ" ಎಂದು ಹೊರಟರು. ಅಂಗಡಿಯವರು ಉದ್ದನೆಯ ಪುಸ್ತಕ ತೆಗೆದು ಬರೆದುಕೊಂಡರು. ಬಟವಾಡೆ ಅಂದರೆ ಡೈರಿಯಲ್ಲಿ ಹಾಲಿನ ದುಡ್ಡು ಕೊಡುವ ದಿನ.

ಹಳ್ಳಿಯವರು ಏನು ಕೊಳ್ಳುತ್ತಾರೆ, ಯಾಕೆ ಕೊಳ್ಳುತ್ತಾರೆ ಅಂತ ತಿಳಿಯಬೇಕಾದರೆ ಆ ಪುಸ್ತಕ ನೋಡಬೇಕು. ವರ್ಷಕ್ಕೆ ಎಷ್ಟು ಸಂಪಾದನೆ ಅಂತ ಕೇಳಿದರೆ ಅರ್ಧ ಉತ್ತರ ಮಾತ್ರ ಸಿಗುತ್ತೆ. ದುಡ್ಡು ಯಾವಾಗ ಬರುತ್ತೆ, ಯಾರ ಕೈಗೆ ಬರುತ್ತೆ ಅನ್ನೋದನ್ನೂ ಕೇಳಬೇಕು.

ಕಾಲುವೆ ನೀರು ಬರುವ ಮುಂಚೆ ಮಂಡ್ಯ ಸೀಮೆಯಲ್ಲಿ ಮಳೆ ನಂಬಿದ ರಾಗಿ, ಹುರುಳಿಯೇ ಜಾಸ್ತಿ. ಕಮ್ಮಾರ, ಬಡಗಿ, ಕ್ಷೌರದವರಿಗೆ ಸುಗ್ಗಿಯಲ್ಲಿ ಕಣದಲ್ಲೇ ಆಯ, ಅಂದರೆ ವರ್ಷದ ಕೆಲಸಕ್ಕೆ ಕೂಲಿಯಾಗಿ ಕಾಳು, ಅಳೆದು ಕೊಡುತ್ತಿದ್ದರು. ಉಪ್ಪು, ಬಟ್ಟೆ, ಸೀಮೆಎಣ್ಣೆಗೆ ಸಂತೆ. 1911ರಲ್ಲಿ ಕಟ್ಟಲು ಶುರುವಾದ ಕನ್ನಂಬಾಡಿ ಕಟ್ಟೆಯ (ಕೆಆರ್‌ಎಸ್) ನೀರು ಇರ್ವಿನ್ ನಾಲೆಯಲ್ಲಿ, ಅಂದರೆ ಈಗಿನ ವಿಶ್ವೇಶ್ವರಯ್ಯ ನಾಲೆಯಲ್ಲಿ, ಹರಿದಾಗ ಲೆಕ್ಕವೇ ಬದಲಾಯಿತು. 1933ರಲ್ಲಿ ಮಂಡ್ಯದ ಸಕ್ಕರೆ ಕಾರ್ಖಾನೆಯ ಮೈಷುಗರ್ ಕಂಪನಿ ಹುಟ್ಟಿತು. ಗದ್ದೆಗೆ ಕಬ್ಬು ಬಂತು.

ಕಬ್ಬು ಹೆಚ್ಚುಕಡಿಮೆ ಒಂದು ವರ್ಷದ ಬೆಳೆ. ಕಟಾವಾದ ಮೇಲೆ ಕಾರ್ಖಾನೆಯ ದುಡ್ಡು, ಹಳ್ಳಿ ಮಾತಲ್ಲಿ ಬಿಲ್ಲು, ಒಂದೇ ಸಲ, ಗಂಟಾಗಿ ಬರುತ್ತೆ. ಅದಕ್ಕೇ ಬೈಕು, ಬಟ್ಟೆ ಇಡುವ ಬೀರು, ಓಲೆ, ಮನೆ ಮೇಲಿನ ತಾರಸಿ, ಮಗಳ ಮದುವೆ ಎಲ್ಲದಕ್ಕೂ ಒಂದೇ ಮಾತು: "ಬಿಲ್ಲು ಬಂದ್ಮೇಲೆ ನೋಡೋಣ." 1966ರ ಕಬ್ಬು ನಿಯಂತ್ರಣ ಆದೇಶದ ಪ್ರಕಾರ ಕಾರ್ಖಾನೆ 14 ದಿನದೊಳಗೆ ದುಡ್ಡು ಕೊಡಬೇಕು. ಅದು ತಿಂಗಳುಗಟ್ಟಲೆ ತಡವಾದರೆ ಪೇಟೆಯ ಬಟ್ಟೆ ಅಂಗಡಿಗೂ ಬಿಸಿ ತಟ್ಟುತ್ತೆ. ರೇಟು ಸ್ವಲ್ಪ ಕಮ್ಮಿಯಾದರೂ ಕೆಲವರು ಬೆಲ್ಲ ಮಾಡುವ ಆಲೆಮನೆಗೆ ಕಬ್ಬು ಹೊಡೆಯುವುದು ಕೈಗೆ ಬೇಗ ಕಾಸು ಸಿಗಲಿ ಅಂತಲೇ. ಇದನ್ನು ತಿಳಿಗೇಡಿತನ ಅನ್ನುವವರನ್ನು ಕಂಡರೆ ನನಗೆ ಬೇಜಾರಾಗುತ್ತೆ. ಸಾಲದ ಬಡ್ಡಿ ಕಾಯುವುದಿಲ್ಲ, ಅಲ್ವಾ?

ಕನ್ನಂಬಾಡಿ ಕಟ್ಟೆ ಪೂರ್ತಿ 124.80 ಅಡಿ ತುಂಬಿತು ಅಂತ ಸುದ್ದಿ ಬಂದರೆ ಟ್ರ್ಯಾಕ್ಟರ್ ಮಾರುವವರ ಮುಖವೂ ಅರಳುತ್ತೆ. ಆದರೆ ಯಾವ ಟ್ರ್ಯಾಕ್ಟರ್ ಅನ್ನೋದನ್ನು ಜಾಹೀರಾತಿಗಿಂತ ಪಕ್ಕದ ಹೊಲದವನೇ ಹೇಳುತ್ತಾನೆ.

ಹಾಲಿನ ಸಂಘಗಳು ಬಂದ ಮೇಲೆ ಇನ್ನೊಂದು ದುಡ್ಡು ಸೇರಿಕೊಂಡಿತು. ಮೊತ್ತ ಸಣ್ಣದು, ಆದರೆ ತಪ್ಪದೆ ಬರುವಂಥದ್ದು. ಅದಕ್ಕೆ ತಕ್ಕ ಸಾಮಾನೂ ಬಂತು. 1983ರಲ್ಲಿ ತಮಿಳುನಾಡಿನ ಕಡಲೂರಿನಲ್ಲಿ ಶುರುವಾದ ಚಿಕ್ ಶಾಂಪೂ ಸಣ್ಣ ಪ್ಯಾಕೆಟ್ಟಿನಲ್ಲೇ ಹಳ್ಳಿ ಹಳ್ಳಿ ಹೊಕ್ಕಿತು. ಬಾಟಲಿ ಕೊಳ್ಳಲು ಗಂಟು ದುಡ್ಡು ಬೇಕು. ಪ್ಯಾಕೆಟ್ಟಿಗೆ ಹಾಲಿನ ಚಿಲ್ಲರೆ ಸಾಕು.

2023ರ ಆಗಸ್ಟ್ 30ರಂದು ಮೈಸೂರಿನಲ್ಲಿ ಗೃಹಲಕ್ಷ್ಮಿ ಯೋಜನೆಗೆ ಚಾಲನೆ ಸಿಕ್ಕಿತು. ತಿಂಗಳಿಗೆ 2,000 ರೂಪಾಯಿ, ಮನೆ ಯಜಮಾನಿಯ ಖಾತೆಗೇ. ಕಬ್ಬಿನ ಬಿಲ್ಲು ಸಾಮಾನ್ಯವಾಗಿ ಗಂಡಸರ ಹೆಸರಿಗೆ ಬರುತ್ತೆ. ಇದು ಹಾಗಲ್ಲ. ಚೀಟಿ ಕಂತು, ಮಿಕ್ಸಿ, ಮಕ್ಕಳ ಟ್ಯೂಷನ್ ಫೀಸು ಈಗ ಅವರ ಲೆಕ್ಕದಲ್ಲಿ.

ಅಂಗಡಿಯವರು ಆ ಪುಸ್ತಕ ನನ್ನ ಮುಂದೆ ತಿರುವಿದರು. ಹಳೇ ಪುಟಗಳ ತಲೆಯ ಮೇಲೆಲ್ಲ ಗಂಡಸರ ಹೆಸರು. ಮುಂದಿನ ಪುಟಗಳಲ್ಲಿ ಅದೇ ಮನೆಗಳು, ಆದರೆ ಹೆಂಗಸರ ಹೆಸರು.